ಉಮ್ಮಾನ ಎಡಮಗ್ಗುಲು

ಬಾಗಿಲು ತಟ್ಟಿದರು.

ಜೆಸೀಮಾ ಲಾತ್ತಾಳ ಕೈಯಲ್ಲಿದ್ದ ತಂಬಿಗೆ ಗಾಳಿಯಲ್ಲೇ ನಿಂತಿತು. ನಾನು ಉಮ್ಮಾನ ತಲೆಯನ್ನು ಎರಡೂ ಅಂಗೈಯಲ್ಲಿ ಹಿಡಿದುಕೊಂಡಿದ್ದೆ. ಅವಳ ಒದ್ದೆ ಕೂದಲಿನಿಂದ ನೀರು ನನ್ನ ಪಾದದ ಮೇಲೆ ಇಳಿಯುತ್ತಿತ್ತು. ಇಬ್ಬರೂ ಅಲುಗಲಿಲ್ಲ.

ಮತ್ತೆ ತಟ್ಟಿದರು. ಈ ಸಲ ಬೆರಳಿನಿಂದಲ್ಲ, ಮುಷ್ಟಿಯಿಂದ.

"ಅಜ್ವರ್ ಇರ್ಬೇಕು," ಎಂದಳು ಲಾತ್ತಾ, ತುಟಿ ಮಾತ್ರ ಆಡಿಸಿ.

ಅಜ್ವರ್ ನನ್ನ ಅಣ್ಣ, ಉಮ್ಮಾ ನಮ್ಮಿಬ್ಬರ ತಾಯಿ. ಹೆಣ ಹೊರುವ ಮಂಚ ತರಲು ಮಸೀದಿಗೆ ಹೋಗಿದ್ದ. ಅವನು ಯಾವತ್ತೂ ಬೀದಿ ಬಾಗಿಲು ತಟ್ಟಿದವನಲ್ಲ. ಹಿತ್ತಿಲಿನಿಂದ ಬಂದು ಕೆಮ್ಮುವುದು ಅವನ ಅಭ್ಯಾಸ.

"ಬೇಗ ಮುಗಿಸು ಲಾತ್ತಾ," ಎಂದೆ.

"ಬೇಗ ಮುಗಿಸೋಕೆ ಇದೇನು ಪಾತ್ರೆನಾ?"

ಊರಿನ ಹೆಂಗಸರು ಸತ್ತರೆ ತೊಳೆಯುವವಳು ಜೆಸೀಮಾ ಲಾತ್ತಾ. ನಾವೆಲ್ಲ ಅವಳನ್ನು ಅಕ್ಕ ಎಂಬ ಅರ್ಥದಲ್ಲಿ ಲಾತ್ತಾ ಎಂದೇ ಕರೆಯುತ್ತೇವೆ. ಮೊದಲು ಬಲಮಗ್ಗುಲು, ಆಮೇಲೆ ಎಡಮಗ್ಗುಲು. ಮೊದಲು ಎಲಚಿ ಎಲೆ ಕುದಿಸಿದ ನೀರು, ಕಡೆಯಲ್ಲಿ ಕರ್ಪೂರದ ನೀರು. ಕೂದಲನ್ನು ಮೂರು ಜಡೆ ಹೆಣೆದು ಬೆನ್ನ ಹಿಂದೆ ಬಿಡಬೇಕು. ಬಲಮಗ್ಗುಲು ಮುಗಿದಿತ್ತು. ಒಂದು ಜಡೆಯೂ ಮುಗಿದಿತ್ತು.

ಬಾಗಿಲಿನ ಅಗುಳಿ ಕಿತ್ತು ಬಿತ್ತು.

ಒಳಗೆ ಬಂದವರು ತಲೆಯಿಂದ ಕಾಲಿನವರೆಗೆ ಬಿಳಿ ಪ್ಲಾಸ್ಟಿಕ್ ತೊಟ್ಟಿದ್ದರು. ಅವರ ಹಿಂದೆ ಒಬ್ಬ ಪೊಲೀಸಿನವನು. ಮುಂದಿದ್ದವರು ಆರೋಗ್ಯ ಇಲಾಖೆಯ ಇನ್‌ಸ್ಪೆಕ್ಟರ್ ರತ್ನಸೂರಿಯ. ಕನ್ನಡಕದಿಂದ ಗುರುತು ಹಿಡಿದೆ. ನನ್ನ ಹತ್ತಿರ ಒತ್ತು ಶ್ಯಾವಿಗೆ ಕೊಳ್ಳುತ್ತಿದ್ದವರು.

"ಸತ್ತಿರೋದು ಯಾರು?" ಎಂದರು.

"ಯಾರೂ ಇಲ್ಲ," ಎಂದೆ, ಪರದೆಯ ಈಚೆಗೆ ಬಂದು.

"ಯಾರೂ ಇಲ್ದೆ ಕರ್ಪೂರ ಯಾಕಮ್ಮಾ ಘಮ್ ಅಂತಿದೆ? ನೀವೂ ಪೂಜೆ ಶುರು ಮಾಡಿದ್ರಾ?" ಎಂದ ಪೊಲೀಸಿನವನು. ತನ್ನ ಮಾತಿಗೆ ತಾನೇ ನಕ್ಕ.

ಪರದೆ ಎಳೆದುಹಾಕಿದರು. ಗಂಡಸರ ಕಣ್ಣಿಗೆ ಕೂದಲ ಎಳೆಯನ್ನೂ ತೋರಿಸದೆ ಬದುಕಿದ ಉಮ್ಮಾ ಹಲಗೆಯ ಮೇಲೆ ಮಲಗಿದ್ದಳು. ಲಾತ್ತಾ ತನ್ನ ಮುಸುಕನ್ನೇ ಕಿತ್ತು ಅವಳ ಮೇಲೆ ಹೊದಿಸಿದಳು.

"ಎಡಮಗ್ಗುಲು ಬಾಕಿ ಇದೆ," ಎಂದೆ. "ಅದೊಂದು ತೊಳೆದುಬಿಡ್ತೀವಿ. ಆಮೇಲೆ ಏನಾದ್ರೂ ಮಾಡಿ."

"ಸುಟ್ಟ ಮೇಲೆ ಎಡ ಯಾವುದು ಬಲ ಯಾವುದು," ಎಂದ ಪೊಲೀಸಿನವನು.

ರತ್ನಸೂರಿಯ ಅವನತ್ತ ತಿರುಗಿ ನೋಡಿದರು. ಉಮ್ಮಾನನ್ನು ಚೀಲಕ್ಕೆ ತುಂಬಿ ಜಿಪ್ಪು ಎಳೆದರು. ಜಿಪ್ಪಿಗೆ ಕೂದಲು ಸಿಕ್ಕಿತು. ಬಿಡಿಸುವ ತಾಳ್ಮೆ ಯಾರಿಗೂ ಇರಲಿಲ್ಲ. ಹಾಗೆಯೇ ಎಳೆದರು.

ನಾನು ಕೂಗಲಿಲ್ಲ. ಕೂಗಬೇಕೆಂದು ಅನ್ನಿಸಲೂ ಇಲ್ಲ. ನೆಲದ ಮೇಲಿನ ನೀರು ಅವರ ಬೂಟಿನ ಕೆಸರಿಗೆ ಬೆರೆತು ಕೆಂಪಾಗುವುದನ್ನು ನೋಡುತ್ತ ನಿಂತಿದ್ದೆ.

ವ್ಯಾನು ಹೋದ ಮೇಲೆ ಅಜ್ವರ್ ಹಿತ್ತಿಲಿನಿಂದ ಬಂದ. ಕೆಮ್ಮಿದ.

ಆ ವರ್ಷ ನಮ್ಮ ದ್ವೀಪದಲ್ಲಿ ಸರ್ಕಾರದ ಆಜ್ಞೆ ಹೀಗಿತ್ತು: ಕೊರೊನಾದಿಂದ ಸತ್ತವರು ಯಾವ ಮತದವರೇ ಆಗಿರಲಿ, ಸುಡಬೇಕು. ಹೂತರೆ ನೆಲದ ನೀರು ಕೆಡುತ್ತದೆ ಎಂದರು. ಹೂಳುವ ಬೇರೆ ದೇಶಗಳ ನೀರು ಕೆಟ್ಟಿಲ್ಲವಲ್ಲ ಎಂದು ನಮ್ಮವರು ಕೇಳಿದರು. ಆಜ್ಞೆ ಬದಲಾಗಲಿಲ್ಲ. ಆಸ್ಪತ್ರೆಗೆ ಹೋದ ನಮ್ಮವರು ಬೂದಿಯಾಗಿ ಹಿಂದಿರುಗುತ್ತಿದ್ದರು. ಆದ್ದರಿಂದ ನಮ್ಮವರು ಮನೆಯಲ್ಲೇ ಸಾಯುವುದನ್ನು ಕಲಿತರು.

ಉಮ್ಮಾನಿಗಿದ್ದದ್ದು ಹಳೆಯ ಕೆಮ್ಮು. ಪ್ರಾಯವೆಲ್ಲ ತೆಂಗಿನ ನಾರು ಬಡಿದವಳು ಅವಳು. ಕೊಳೆತ ಸಿಪ್ಪೆಯನ್ನು ಕೊಳದಿಂದ ಎತ್ತುವುದು, ಕೊಡತಿಯಿಂದ ಬಡಿಯುವುದು, ಹಿಂಜುವುದು. ಆ ದೂಳು ಎದೆಯೊಳಗೆ ಮನೆ ಮಾಡಿತ್ತು. ಉಮ್ಮಾನ ಹೆಸರು ರಲಿಯಾ. ರಲಿಯಾ ಬರುತ್ತಿದ್ದಾಳೆಂದು ಬೀದಿಯವರಿಗೆ ಅವಳ ಕೆಮ್ಮಿನಿಂದಲೇ ತಿಳಿಯುತ್ತಿತ್ತು. ಸಾಯುವ ವಾರ ನನ್ನನ್ನು ಹತ್ತಿರ ಕರೆದು ಕೇಳಿದ್ದು ಒಂದೇ.

"ನನ್ನ ಮಣ್ಣಿಗೆ ಹಾಕ್ತೀಯ ತಾನೇ ನಫೀ?"

"ಹಾಕ್ತೀನಿ ಉಮ್ಮಾ."

"ಸುಡಕ್ಕೆ ಬಿಡ್ಬೇಡ. ಬೆಂಕಿ ಅಂದ್ರೆ ನಂಗೆ ಮೊದ್ಲಿಂದ್ಲೂ ಭಯ. ನಿಂಗೊತ್ತಲ್ಲ, ಒಲೆ ಮುಂದೆ ಕೂತ್ರೂ ದೂರಾನೇ ಕೂರ್ತೀನಿ."

ಮುಸ್ಸಂಜೆಯ ನಮಾಜು ಮುಗಿಯುವ ಹೊತ್ತಿಗೆ ಹೋದಳು. ನಮ್ಮ ಹಿತ್ತಿಲ ಗೋಡೆಯ ಆಚೆಗೇ ಖಬರಸ್ತಾನ. ಗುಂಡಿ ತೋಡುವ ಲಾಫಿರ್ ದೀಪವಿಲ್ಲದೆ, ಸದ್ದಿಲ್ಲದೆ, ನಮ್ಮ ತಂದೆ ವಾಪ್ಪಾನ ಸಮಾಧಿಯ ಪಕ್ಕದಲ್ಲಿ ಅಗೆದುಕೊಟ್ಟು ಮನೆಗೆ ಹೋದ. ಸಾವನ್ನು ಮಸೀದಿಯ ಮೈಕಿನಲ್ಲಿ ಹೇಳಲಿಲ್ಲ. ಗೊತ್ತಿದ್ದವರು ಕೆಲವರೇ: ಲಾಫಿರ್, ಲಾತ್ತಾ, ಮಂಚದ ಕೋಣೆಯ ಬೀಗದ ಕೈ ಇಟ್ಟುಕೊಂಡಿದ್ದ ಮಸೀದಿಯ ಅಧ್ಯಕ್ಷ ಮರ್ಜೂಕ್ ಹಾಜಿಯಾರ್, ನಾನು, ಅಣ್ಣ.

"ನಾನು ಮಂಚ ತರೋವರೆಗೆ ನೀರು ಹಾಕ್ಬೇಡಿ," ಎಂದು ಹೇಳಿ ಅಣ್ಣ ಹೋದ.

ನಾವು ಕಾದೆವು. ಅವನು ಬರಲಿಲ್ಲ. ಕಾದು ಸಾಕಾಗಿ ನಾನು ಹೇಳಿದೆ: "ಲಾತ್ತಾ, ತೊಳೆದು, ಬಟ್ಟೆ ಸುತ್ತಿ, ಚಾಪೇಲಿ ಮಲಗಿಸಿ ನಾವಿಬ್ರೇ ಎತ್ಕೊಂಡು ಹೋಗೋಣ. ಗೋಡೆ ದಾಟಿದ್ರೆ ಗುಂಡಿ."

"ತಲೆ ಕೆಟ್ಟಿದ್ಯಾ? ಗಂಡಸ್ರ ಹೆಗಲಿಲ್ದೆ ಮಯ್ಯತ್ತು ಹೊರಗೆ ಹೋಗತ್ತಾ? ಹೆಂಗಸ್ರು ಖಬರಸ್ತಾನಕ್ಕೆ ಕಾಲಿಡ್ತಾರಾ?"

"ಯಾರೂ ನೋಡಲ್ಲ."

"ಅಲ್ಲಾ ನೋಡ್ತಾನೆ."

ಮತ್ತೆ ಕಾದೆವು. ಹೆಗಲು ನಮಗೂ ಇತ್ತು. ಉಮ್ಮಾ ಕೊನೆಗೆ ಒಣಗಿ ಕಡ್ಡಿಯಾಗಿದ್ದಳು. ಅಕ್ಕಿಯ ಮೂಟೆಗಿಂತ ಹಗುರ. ಗುಂಡಿ ಬಾಯಿ ತೆರೆದಿತ್ತು. ನಾವು ಒಬ್ಬ ಗಂಡಸಿಗಾಗಿ ಕಾಯುತ್ತ ಕುಳಿತಿದ್ದೆವು. ಕಡೆಗೆ ಲಾತ್ತಾಳೇ ತಡೆಯಲಾರದೆ, ಹೆಣ ಸೆಟೆದುಕೊಳ್ಳುತ್ತದೆ ಎಂದು ತಂಬಿಗೆ ಎತ್ತಿದಳು. ಬಲಮಗ್ಗುಲು ಮುಗಿಯುವಷ್ಟು ಹೊತ್ತು ಸಿಕ್ಕಿತು.

ಪರೀಕ್ಷೆಯಲ್ಲಿ ಕೊರೊನಾ ಇದೆ ಎಂದು ಬಂತು. ಇನ್ನೊಂದು ಸಲ ಪರೀಕ್ಷಿಸಿ ಎಂದು ಕೇಳಿದೆವು. ಆಗುವುದಿಲ್ಲ ಎಂದರು. ಸುಡುವಾಗ ಅಣ್ಣನನ್ನು ಮಾತ್ರ ಕರೆದರು. ಗೇಟಿನ ಹೊರಗೆ ನಿಲ್ಲಿಸಿದರಂತೆ. ಅವನು ಮನೆಗೆ ಬಂದು ಗೋಡೆಗೆ ತಲೆ ಆನಿಸಿಕೊಂಡು ಅತ್ತ. ನನಗೆ ಅಳು ಬರಲಿಲ್ಲ. ಅನ್ನ ಇಟ್ಟರೆ ಉಣ್ಣುತ್ತಿದ್ದೆ. ಕರೆದರೆ ಏಳುತ್ತಿದ್ದೆ. ಬೆಳಗಿನ ಜಾವ ಎದ್ದು ಹಿಟ್ಟು ನಾದಿ ಶ್ಯಾವಿಗೆಯ ಒರಳನ್ನು ಒತ್ತುತ್ತಿದ್ದೆ. ಕೊಳ್ಳುವವರು ಇರಲಿಲ್ಲ. ಮುಸಲ್ಮಾನರ ಕೈಯಿಂದ ತಿನ್ನಬೇಡಿ ಎಂದು ಬೌದ್ಧ ವಿಹಾರದ ಎಳೆಯ ಭಿಕ್ಷು ಸಂತೆಯಲ್ಲಿ ಮೈಕು ಹಿಡಿದಿದ್ದ. ಕೈಗೆ ಅಭ್ಯಾಸವಾಗಿತ್ತು, ಒತ್ತುತ್ತಿತ್ತು. ಒತ್ತಿದ್ದನ್ನು ಕೋಳಿಗೆ ಹಾಕುತ್ತಿದ್ದೆ.

ಬೀದಿಯಲ್ಲಿ ಒಂದೇ ಪ್ರಶ್ನೆ ಸುತ್ತುತ್ತಿತ್ತು. ಹೇಳಿಕೊಟ್ಟವರು ಯಾರು?

"ಯಾರು ಅಂತ ಬೇರೆ ಕೇಳ್ಬೇಕಾ?" ಎಂದ ಅಣ್ಣ, ಜಗಲಿಯಲ್ಲಿ ಸೇರಿದ ಹುಡುಗರ ಎದುರು. "ಕರ್ಪೂರದ ವಾಸನೆ ಹೋಗೋದು ಯಾರ ಕಿಟಕಿಗೆ?"

ಆ ಕಿಟಕಿ ಪಿಯಸೀಲಿ ಅಕ್ಕನದು. ಸಿಂಹಳದವಳು, ವಿಧವೆ, ಬೇಲಿಯಾಚೆಯ ಒಂಟಿ ಮನೆ. ಅವಳಿಗೂ ನಮಗೂ ಒಂದೇ ಬಾವಿ. ನೀರು ಕೆಡುವುದಾದರೆ ಮೊದಲು ಕೆಡಬೇಕಾದದ್ದು ಅವಳ ನೀರೇ. ಉಮ್ಮಾ ಹೋದಂದಿನಿಂದ ಅವಳು ಬಾಳೆಯೆಲೆಯಲ್ಲಿ ಅನ್ನ ಕಟ್ಟಿ ಬಾವಿಕಟ್ಟೆಯ ಮೇಲೆ ಇಟ್ಟುಹೋಗುತ್ತಿದ್ದಳು. ನಾನು ತೆಗೆದುಕೊಳ್ಳುತ್ತಿದ್ದೆ.

"ಆ ಅನ್ನ ನಾಯಿಗೆ ಹಾಕು," ಎಂದ ಅಣ್ಣ.

"ನಂಗೆ ಹಸಿವಾಗತ್ತೆ," ಎಂದೆ.

ಒಂದು ಬೆಳಗ್ಗೆ ಬಾವಿಯ ಮೇಲಿದ್ದ ಅವಳ ಹಗ್ಗ ಕತ್ತರಿಸಿ, ಬಿಂದಿಗೆಯನ್ನು ಬಾವಿಗೇ ಎಸೆದಿದ್ದರು. ಬಾಗಿಲಿಗೆ ಸಗಣಿ ಬಡಿದಿದ್ದರು. ಅವಳು ಸಗಣಿ ತೊಳೆಯುತ್ತ ಬೇಲಿಯ ಮೇಲಿಂದ ನನ್ನನ್ನು ನೋಡಿದಳು.

"ನೀನೂ ಹಂಗೇ ಅಂದ್ಕೊಂಡ್ಯಾ?" ಎಂದಳು.

"ಇಲ್ಲ."

"ಅಂದ್ಕೊಂಡ್ರೂ ತಪ್ಪಿಲ್ಲ ಬಿಡು. ನಮ್ಮೋರ ಬಾಯಿ ಕೇಳಿದ್ರೆ ಯಾರಿಗಾದ್ರೂ ಹಂಗೇ ಅನ್ಸತ್ತೆ." ಪೊರಕೆ ಜಾಡಿಸಿದಳು. "ನಿಮ್ಮ ಹುಡುಗ್ರು ಸಗಣಿ ಬಡಿಯೋದನ್ನೂ ನೆಟ್ಟಗೆ ಕಲ್ತಿಲ್ಲ. ಅರ್ಧ ಅವ್ರ ಕಾಲ ಮೇಲೇ ಬಿದ್ದಿದೆ, ನೋಡು ಹೆಜ್ಜೆ."

ನನ್ನ ಸಂಶಯ ಹಾಜಿಯಾರ್ ಮೇಲಿತ್ತು. ಬೀಗದ ಕೈ ಅವರದು. ವಿಹಾರದ ದೊಡ್ಡ ಭಿಕ್ಷು, ಅಧಿಕಾರಿಗಳು, ವ್ಯಾಪಾರಿಗಳು ಕೂಡಿದ ಶಾಂತಿ ಸಮಿತಿಯಲ್ಲಿ ಕುರ್ಚಿಯೂ ಅವರಿಗಿತ್ತು. ಮಸೀದಿಗೆ ಬೀಗ ಬೀಳಬಾರದೆಂದು ಅವರು ಯಾರ ಕಾಲನ್ನಾದರೂ ಹಿಡಿಯುತ್ತಿದ್ದರು. ಅಣ್ಣನನ್ನು ಕೇಳಿದೆ, ಮಂಚ ತರಲು ಅಷ್ಟು ಹೊತ್ತು ಯಾಕಾಯಿತೆಂದು. ಹಾಜಿಯಾರ್ ಬಾಗಿಲು ತೆಗೆಯಲಿಲ್ಲ, ಅವರ ಜಗಲಿಯಲ್ಲೇ ಕಾದೆ ಎಂದ. ನನ್ನ ಸಂಶಯ ಗಟ್ಟಿಯಾಯಿತು.

ಆ ವಾರವೇ ಅಣ್ಣನ ಬಟ್ಟೆ ಅಂಗಡಿಯ ಮೊಹರು ತೆಗೆದರು. ಕೆಲಸದವನಿಗೆ ಜ್ವರ ಬಂದಿತ್ತೆಂದು ಆರೋಗ್ಯ ಇಲಾಖೆಯವರು ಮುಚ್ಚಿಸಿದ್ದರು, ಅಣ್ಣ ಅವರ ಆಫೀಸಿಗೆ ತಿಂಗಳುಗಟ್ಟಲೆ ಅಲೆದಿದ್ದ. ದುಃಖದ ಮನೆಗೆ ಇಷ್ಟಾದರೂ ಒಳ್ಳೆಯದಾಯಿತಲ್ಲ ಎಂದು ಜನ ಅಂದರು.

ಹಾಜಿಯಾರ್ ಅಣ್ಣನನ್ನು ಕರೆದುಕೊಂಡು ನಮ್ಮ ಮನೆಗೆ ಬಂದರು. ಕುರ್ಚಿಯ ತುದಿಯಲ್ಲಿ ಕುಳಿತರು.

"ನಫೀಲಾ, ನಾಳೆ ಬೂದಿ ತಂದ್ಕೊಡ್ತಾರೆ," ಎಂದರು. "ಸಮಿತಿ ತೀರ್ಮಾನ. ವಿಹಾರದ ದೊಡ್ಡ ಹಾಮುದುರು ಬರ್ತಾರೆ, ಪೇಪರ್‌ನೋರು ಬರ್ತಾರೆ. ನೀನು ಎರಡೂ ಕೈ ನೀಡಿ ಮಡಕೆ ಇಸ್ಕೊಂಡ್ರೆ ಸಾಕು. ಹ್ಯಾಗಿದ್ರೂ ಗುಂಡಿ ತೋಡೇ ಇದೆ. ಅದ್ರಲ್ಲೇ ಇಡೋಣ. ಊರಿಗೆ ಊರೇ ತಣ್ಣಗಾಗತ್ತೆ."

"ಅಣ್ಣನೇ ಇಸ್ಕೊಳ್ಲಿ."

"ನೀನಿದ್ದ ಮನೇಲೇ ಅಲ್ವಾ ಸತ್ತಿದ್ದು? ಮಗಳು ಒಪ್ಪಿದ್ಳು ಅಂತ ಜನ ನೋಡ್ಬೇಕು."

"ಏನನ್ನ ಒಪ್ಪಿದ್ಳು ಅಂತ?"

ಹಾಜಿಯಾರ್ ಟೋಪಿ ಸರಿಮಾಡಿಕೊಂಡರು.

"ಮಯ್ಯತ್ತನ್ನ ಗುಂಡೀಲಿ ಬಲಮಗ್ಗುಲಾಗಿ ಮಲಗಿಸಿ, ಮುಖ ಕಾಬಾದ ಕಡೆಗೆ ತಿರುಗಿಸ್ತೀರಲ್ಲ," ಎಂದೆ. "ಬೂದಿಗೆ ಮುಖ ಎಲ್ಲಿದೆ ಹಾಜಿಯಾರ್? ಏನನ್ನ ತಿರುಗಿಸ್ತೀರಾ? ಮಡಕೇನಾ?"

"ಮಾತು ಕಲ್ತಿದಾಳೆ," ಎಂದ ಅಣ್ಣ. "ಗಂಡ ಕತಾರಲ್ಲೇ ಇನ್ನೊಂದು ಮನೆ ಮಾಡ್ಕೊಂಡಿದ್ದು ಸುಮ್ನೆ ಅಲ್ಲ."

ಆ ಮಾತೂ ತಾಗಲಿಲ್ಲ. ಎದ್ದು ಹೋಗಿ ಹಿಟ್ಟಿಗೆ ನೀರು ಹಾಕಿದೆ.

ಬೆಳಗಾದ ಮೇಲೆ ಬೇಲಿಯ ಬಳಿ ನಿಂತು ಕರೆದೆ.

"ಅಕ್ಕಾ, ಗುದ್ದಲಿ ಇದ್ಯಾ?"

ಪಿಯಸೀಲಿ ಅಕ್ಕ ಹೊರಗೆ ಬಂದಳು. ನನ್ನ ಮುಖ ನೋಡಿದಳು.

"ನನ್ನ ಮನೇದು ತಗೊಂಡೆ ಅಂತ ನಿನ್ನ ಬಾಗ್ಲಿಗೂ ಬಡೀತಾರೆ."

"ಬಡೀಲಿ. ಹಿಡಿ ಗಟ್ಟಿ ಇದ್ಯಾ?"

"ಸತ್ತ ನನ್ನ ಗಂಡನಿಗಿಂತ ಗಟ್ಟಿ," ಎಂದು ಬೇಲಿಯ ಮೇಲಿಂದ ದಾಟಿಸಿದಳು.

ಹಿತ್ತಿಲ ಗೋಡೆ ಹತ್ತಿ ಆಚೆ ಇಳಿದೆ. ಹುಟ್ಟಿದಾಗಿನಿಂದ ಆ ಗೋಡೆಯ ಈಚೆಗಿದ್ದವಳು. ವಾಪ್ಪಾನ ಸಮಾಧಿಯನ್ನು ಹತ್ತಿರದಿಂದ ನೋಡಿದ್ದು ಅವತ್ತೇ ಮೊದಲು. ತಲೆಗಲ್ಲು ಓರೆಯಾಗಿತ್ತು. ಪಕ್ಕದಲ್ಲಿ ಗುಂಡಿ. ಮಳೆನೀರು ತಳದಲ್ಲಿ ನಿಂತಿತ್ತು, ಅದರಲ್ಲಿ ಕಪ್ಪೆಯೊಂದಿತ್ತು.

ಮೊದಲು ಕಪ್ಪೆಯನ್ನು ಮೇಲೆತ್ತಿ ಬಿಟ್ಟೆ. ಆಮೇಲೆ ಮಣ್ಣು ಎಳೆಯತೊಡಗಿದೆ.

ಒದ್ದೆ ಕೆಮ್ಮಣ್ಣು. ಗುದ್ದಲಿಗೆ ಅಂಟುತ್ತಿತ್ತು. ಪ್ರತಿ ಸಲವೂ ಕಾಲಿನಿಂದ ಕೆರೆದು ಬಿಡಿಸಬೇಕು. ಶ್ಯಾವಿಗೆಯ ಒರಳು ಒತ್ತಿ ಒತ್ತಿ ಮಣಿಕಟ್ಟು ಮೊದಲೇ ಸವೆದಿತ್ತು. ಈಗ ಒಳಗಿನಿಂದ ಕಟಕಟ ಎಂದಿತು. ಅಂಗೈಯಲ್ಲಿ ಗುಳ್ಳೆ ಎದ್ದವು, ಒಡೆದವು. ಹಿಡಿ ಜಾರತೊಡಗಿತು. ಸೆರಗು ಸುತ್ತಿಕೊಂಡು ಹಿಡಿದೆ. ಉಮ್ಮಾ ಕೊಳದಲ್ಲಿ ಸೊಂಟದವರೆಗೆ ನಿಂತು ಸಿಪ್ಪೆ ಎತ್ತುವಾಗ ಹೀಗೆಯೇ ಬಟ್ಟೆ ಸುತ್ತಿಕೊಳ್ಳುತ್ತಿದ್ದಳು. ತಲೆಯಲ್ಲಿ ಬೇರೇನೂ ಇರಲಿಲ್ಲ. ಮಣ್ಣು ಬೀಳುವ ಸದ್ದು ಮಾತ್ರ ಇತ್ತು.

ಗೋಡೆಯ ಮೇಲೆ ಜೆಸೀಮಾ ಲಾತ್ತಾಳ ತಲೆ ಕಂಡಿತು.

"ಯಾ ಅಲ್ಲಾ. ಇಳಿದ್ಯಾ ನೀನು? ಹೆಂಗಸಾಗಿ?"

ನಾನು ನಿಲ್ಲಿಸಲಿಲ್ಲ.

"ಮಡಕೆ ಇಡೋಕೆ ಜಾಗ ಬೇಡ್ವೇನೇ?"

"ಉಮ್ಮಾನಿಗೆ ತೋಡಿದ್ದು. ಉಮ್ಮಾ ಬರಲಿಲ್ಲ. ಮುಚ್ತಾ ಇದೀನಿ."

ಅವಳು ಗುಂಡಿಯನ್ನು, ನನ್ನ ಕೈಯನ್ನು ನೋಡಿದಳು. ಆಮೇಲೆ ಲುಂಗಿ ಎತ್ತಿಕಟ್ಟಿ, ಏದುಸಿರು ಬಿಡುತ್ತ ಗೋಡೆ ಹತ್ತಿ ಇಳಿದಳು. ಗುದ್ದಲಿ ಇನ್ನೊಂದಿರಲಿಲ್ಲ. ಮಂಡಿಯೂರಿ ಬರಿಗೈಯಲ್ಲಿ ಮಣ್ಣು ನೂಕಿದಳು. ಊರಿನ ಅಷ್ಟೂ ಹೆಂಗಸರನ್ನು ತೊಳೆದ ಕೈಗಳು.

"ಅವತ್ತು ನಿನ್ನ ಮಾತು ಕೇಳಿ ಚಾಪೇಲಿ ಎತ್ಕೊಂಡು ಬರ್ಬೇಕಿತ್ತು," ಎಂದಳು.

"ಹ್ಞೂಂ."

"ಕಾಲಲ್ಲಿ ತುಳೀತಾ ಹಾಕು. ಇಲ್ದಿದ್ರೆ ಕುಸಿಯತ್ತೆ."

ಇಬ್ಬರೂ ತುಳಿದೆವು. ಗುಂಡಿ ನೆಲಕ್ಕೆ ಸಮವಾಗುವ ಹೊತ್ತಿಗೆ ಬೀದಿಯ ಕಡೆಯಿಂದ ಜನ ಬಂದರು. ಮುಂದೆ ಹಾಜಿಯಾರ್, ಅಣ್ಣ. ಹಿಂದೆ ದೊಡ್ಡ ಭಿಕ್ಷು, ಅವರಿಗೆ ಕೊಡೆ ಹಿಡಿದ ಶಿಷ್ಯ, ಕ್ಯಾಮೆರಾದವರು, ಬೀದಿಯ ಹುಡುಗರು. ನಡುವೆ ರತ್ನಸೂರಿಯ, ಕೈಯಲ್ಲಿ ಬಿಳಿ ಬಟ್ಟೆ ಕಟ್ಟಿದ ಮಣ್ಣಿನ ಮಡಕೆ. ಬೇಲಿಯಾಚೆ ಪಿಯಸೀಲಿ ಅಕ್ಕ ನಿಂತಿದ್ದಳು. ಅವಳ ಗುದ್ದಲಿ ನನ್ನ ಕೈಯಲ್ಲಿತ್ತು.

"ಏನೇ ಇದು?" ಎಂದ ಅಣ್ಣ.

ಲಾತ್ತಾ ಮೊಣಕಾಲಿನ ಮಣ್ಣನ್ನೂ ಕೊಡವದೆ ನನ್ನ ಪಕ್ಕ ನಿಂತಳು.

"ಇಸ್ಕೋ ನಫೀಲಾ," ಎಂದರು ಹಾಜಿಯಾರ್, ಹಲ್ಲು ಕಚ್ಚಿ. "ಎಲ್ರೂ ನೋಡ್ತಿದಾರೆ. ಆಮೇಲೆ ಎಲ್ಲಾದ್ರೂ ಇಟ್ರಾಯ್ತು."

ರತ್ನಸೂರಿಯ ಮುಂದೆ ಬಂದು ಮಡಕೆ ಚಾಚಿದರು. ಕ್ಯಾಮೆರಾಗಳು ಎದ್ದವು. ನಾನು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡೆ.

"ಬೇಡ," ಎಂದೆ.

"ನಿನ್ನ ತಾಯಿ ಕಣಮ್ಮಾ," ಎಂದರು ರತ್ನಸೂರಿಯ.

"ಅಲ್ಲ. ನೀವು ಮಾಡಿದ ಕೆಲಸ. ನೀವೇ ಇಟ್ಕೊಳ್ಳಿ. ನಿಮ್ಮ ಆಫೀಸಿನ ಮೇಜಿನ ಮೇಲೆ ಇಡಿ, ಸಮಿತಿಯ ಕುರ್ಚಿ ಮೇಲೆ ಇಡಿ. ನನ್ನ ಕೈಯಿಂದ ಒಪ್ಪಿಗೆ ಸಿಗಲ್ಲ."

"ಹಟ ಬೇಡ ಮಗಳೇ," ಎಂದರು ದೊಡ್ಡ ಭಿಕ್ಷು, ಮೆಲ್ಲಗೆ. "ಎಲ್ಲವೂ ಅನಿತ್ಯ."

"ನಿಮ್ಮ ಆಜ್ಞೆ ಒಂದನ್ನ ಬಿಟ್ಟು," ಎಂದಳು ಲಾತ್ತಾ.

ಹುಡುಗರಲ್ಲಿ ಯಾರೋ ನಕ್ಕರು. ರತ್ನಸೂರಿಯರ ಮುಖ ಕೆಂಪಾಯಿತು. ಬಿಸಿಲಿನಲ್ಲಿ ನಿಂತು ಮಡಕೆಯನ್ನು ಕೈಯಿಂದ ಕೈಗೆ ಬದಲಿಸಿಕೊಂಡರು. ಕೆಳಗಿಡಲು ಅವರಿಗೂ ಧೈರ್ಯವಿರಲಿಲ್ಲ.

"ಕೊಲೆಗಾರನ್ನ ನೋಡ್ದಂಗೆ ನನ್ನ ನೋಡ್ಬೇಡ," ಎಂದರು. "ನಿನ್ನ ಮನೆಯಲ್ಲಿ ಹೆಣ ಇದೆ ಅಂತ ನಂಗೇನು ಕನಸು ಬಿದ್ದಿತ್ತಾ? ಫೋನ್ ಬಂತು. ಬಂದೆ. ಬರದೆ ಇದ್ರೆ ನನ್ನ ಕೆಲಸ ಹೋಗ್ತಿತ್ತು."

"ಯಾರ ಫೋನು?"

ಗುಂಪಿನ ಕಣ್ಣುಗಳೆಲ್ಲ ಬೇಲಿಯ ಕಡೆಗೆ ಹೊರಳಿದವು. ಪಿಯಸೀಲಿ ಅಕ್ಕ ಕದಲಲಿಲ್ಲ. ನಾನು ಹಾಜಿಯಾರ್ ಮುಖ ನೋಡಿದೆ. ಅವರು ಜೇಬಿನಿಂದ ಕರವಸ್ತ್ರ ತೆಗೆದು ಕುತ್ತಿಗೆ ಒರೆಸಿಕೊಂಡರು.

"ಈಗ ಅದೆಲ್ಲ ಯಾಕೆ?" ಎಂದ ಅಣ್ಣ. "ಆಗಿದ್ದು ಆಗ್ಹೋಯ್ತು. ಮಡಕೆ ನನ್ನ ಕೈಗೆ ಕೊಡಿ ಇನ್‌ಸ್ಪೆಕ್ಟರ್ ಮಹತ್ತಯಾ."

"ಹೇಳಿ," ಎಂದೆ. "ಈ ಬೇಲಿ ಆಚೆ ಒಬ್ಬಳ ಬಾವಿ ಹಗ್ಗ ಕತ್ತರಿಸಿದಾರೆ. ಎಲ್ರ ಎದುರಿಗೇ ಹೇಳಿ."

ರತ್ನಸೂರಿಯ ಬೇಲಿಯತ್ತ ನೋಡಿದರು. ಆಮೇಲೆ ಮಡಕೆಯತ್ತ. ಮುಖಗವಸನ್ನು ಗದ್ದದ ಕೆಳಗೆ ಎಳೆದುಕೊಂಡರು.

"ಅಜ್ವರ್‌ನ ಫೋನು," ಎಂದರು.